ಬಿಲ್ಲಿಂಗ್ ಪರದೆಯನ್ನು ಬಿಚ್ಚಿ ಓದಿದಾಗ

ಜರ್ನಲ್‌ನಿಂದ ಲೆಡ್ಜರಿಗೆ ಪೋಸ್ಟ್ ಮಾಡುವುದು ನಮ್ಮ ಕಾಮರ್ಸ್ ವಿಭಾಗದವರಿಗೆಲ್ಲ ಗೊತ್ತು. ಜರ್ನಲ್ ಕಳೆದುಹೋಗಿ ಲೆಡ್ಜರ್ ಮಾತ್ರ ಉಳಿದರೆ, ಅದನ್ನು ನೋಡಿ ಜರ್ನಲ್ ಮತ್ತೆ ಬರೆಯಬಹುದೇ? ಕಳೆದ ವರ್ಷ ತರಗತಿಯಲ್ಲಿ ನಾನು ಹೀಗೆ ಕೇಳಿದಾಗ ಸರ್ "ಪರೀಕ್ಷೆಗೆ ಬರೋದಿಲ್ಲಮ್ಮ" ಎಂದು ನಕ್ಕಿದ್ದರು. ಪರೀಕ್ಷೆಗೆ ಬರಲಿಲ್ಲ, ನಮ್ಮ ಮಾಮುವಿನ ಚಪ್ಪಲಿ ಅಂಗಡಿಗೆ ಬಂತು.

2025ರ ಸೆಪ್ಟೆಂಬರ್ 22ರಿಂದ ಜಿಎಸ್‌ಟಿ ದರಗಳು ಬದಲಾದವು. ಮೊದಲು ಜೋಡಿಗೆ 1,000 ರೂಪಾಯಿವರೆಗಿನ ಪಾದರಕ್ಷೆಗೆ ಶೇ. 12, ಅದಕ್ಕಿಂತ ಹೆಚ್ಚಿನದಕ್ಕೆ ಶೇ. 18 ಇತ್ತು. ಈಗ 2,500 ರೂಪಾಯಿವರೆಗೆ ಶೇ. 5. ಆದರೆ ಮಾಮುವಿನ ಬಿಲ್ಲಿಂಗ್ ಸಾಫ್ಟ್‌ವೇರ್‌ನಲ್ಲಿ ದರ ಆರಿಸುವ ಪಟ್ಟಿ ತೆರೆದರೆ 12 ಮತ್ತು 18, ಇವೆರಡೇ. 800 ರೂಪಾಯಿಯ ಚಪ್ಪಲಿಗೆ 840 ಎಂದು ಬರಬೇಕಾದ ಬಿಲ್ಲು 896 ಎಂದು ಬರುತ್ತಿತ್ತು. ಗಿರಾಕಿಗಳು ಪೇಪರ್ ಓದಿಕೊಂಡೇ ಬರುತ್ತಾರೆ, ಯಾರು ಸುಮ್ಮನಿರುತ್ತಾರೆ? ಮಾಮು ಕೈಬರಹದ ಬಿಲ್ ಪುಸ್ತಕ ಹೊರತೆಗೆದರು. ಸಾಫ್ಟ್‌ವೇರ್ ಮಾಡಿಕೊಟ್ಟವರಿಗೆ ಫೋನ್ ಮಾಡಿದರೆ, ಇಡೀ ಪ್ರೋಗ್ರಾಂ ಹೊಸದಾಗಿ ಬರೆಯಬೇಕು ಎಂದು ಅಂಗಡಿಯ ಎರಡು ತಿಂಗಳ ಬಾಡಿಗೆಯಷ್ಟು ಹಣ ಕೇಳಿದರು.

ನಮ್ಮ ಖಾಲಾರ ಮಗ ಬಿಸಿಎ ಓದುತ್ತಿದ್ದಾರೆ. ಅವರು ಅಂಗಡಿಯ ಕಂಪ್ಯೂಟರ್ ನೋಡಿ, "ಇದು ಡಬ್ಲ್ಯುಪಿಎಫ್‌ನಲ್ಲಿ ಮಾಡಿದ್ದು. ಪರದೆಯನ್ನು ಹೇಗೆ ಬರೆದಿದ್ದಾರೆ ಅಂತ ಓದಬಹುದು" ಎಂದರು. ಆ ಭಾನುವಾರ ಇಡೀ ಮಧ್ಯಾಹ್ನ ಇಬ್ಬರೂ ಅದನ್ನೇ ಮಾಡಿದೆವು. ನನಗೆ ಅರ್ಥವಾದಷ್ಟನ್ನು ಇಲ್ಲಿ ಬರೆಯುತ್ತೇನೆ.

ಡಬ್ಲ್ಯುಪಿಎಫ್ ಎಂದರೆ ವಿಂಡೋಸ್ ಪ್ರೆಸೆಂಟೇಷನ್ ಫೌಂಡೇಷನ್. ಮೈಕ್ರೋಸಾಫ್ಟ್ ಇದನ್ನು 2006ರಲ್ಲಿ ಡಾಟ್‌ನೆಟ್ 3.0 ಜೊತೆ ಹೊರತಂದಿತು. ಇದರಲ್ಲಿ ಗುಂಡಿ ಎಲ್ಲಿರಬೇಕು, ಪಟ್ಟಿಯಲ್ಲಿ ಏನಿರಬೇಕು ಎಂಬುದನ್ನು ಜ್ಯಾಮಲ್ ಎಂಬ ಗುರುತುಭಾಷೆಯಲ್ಲಿ ಬರೆಯುತ್ತಾರೆ. ನಮ್ಮ ಕಂಪ್ಯೂಟರ್ ಲ್ಯಾಬ್‌ನಲ್ಲಿ ಮಾಡುವ ಎಚ್‌ಟಿಎಂಎಲ್‌ನಂತೆ ಇದೂ ಟ್ಯಾಗ್‌ಗಳಿಂದಾದ ಬರಹ, ಕಣ್ಣಿನಿಂದಲೇ ಓದಬಹುದು. ಪ್ರೋಗ್ರಾಂ ಕಂಪೈಲ್ ಆಗುವಾಗ ಈ ಬರಹ ಬ್ಯಾಮಲ್ ಎಂಬ ಬೈನರಿ ರೂಪಕ್ಕೆ ಬದಲಾಗಿ ಇಎಕ್ಸ್‌ಇ ಫೈಲಿನ ಒಳಗೆ ಸೇರಿಕೊಳ್ಳುತ್ತದೆ. ಗಾತ್ರ ಚಿಕ್ಕದಾಗುತ್ತದೆ, ಪರದೆ ಬೇಗ ತೆರೆದುಕೊಳ್ಳುತ್ತದೆ.

ಬ್ಯಾಮಲ್ ಒಂದರ ಹಿಂದೆ ಒಂದು ಬರುವ ದಾಖಲೆಗಳ ಸಾಲು. ಇಲ್ಲಿ ಒಂದು ಅಂಶ ಆರಂಭ, ಇಲ್ಲಿ ಅದರ ಗುಣ, ಇಲ್ಲಿ ಪಠ್ಯ, ಇಲ್ಲಿ ಮುಕ್ತಾಯ ಎಂದು ಅದು ಸಾಗುತ್ತದೆ. ಹೆಸರುಗಳನ್ನು ಮತ್ತೆ ಮತ್ತೆ ಬರೆಯುವುದಿಲ್ಲ. ಒಂದು ಹೆಸರಿಗೆ ಮೊದಲ ಸಲ ಸಂಖ್ಯೆ ಕೊಟ್ಟು, ಮುಂದೆ ಆ ಸಂಖ್ಯೆಯನ್ನೇ ಹಾಕುತ್ತದೆ. ಬಟನ್, ಟೆಕ್ಸ್ಟ್‌ಬ್ಲಾಕ್‌ನಂಥ ಸಾಮಾನ್ಯ ವಸ್ತುಗಳಿಗಂತೂ ಹೆಸರೇ ಇರುವುದಿಲ್ಲ. ಡಬ್ಲ್ಯುಪಿಎಫ್‌ಗೆ ಮೊದಲೇ ಗೊತ್ತಿರುವ ಸಂಖ್ಯೆ ಮಾತ್ರ ಇರುತ್ತದೆ. ಹಾಗಾಗಿ ಇದನ್ನು ಬಿಚ್ಚುವ ಲೈಬ್ರರಿ ಆ ಸಂಖ್ಯೆಗಳ ಪೂರ್ತಿ ಕೋಷ್ಟಕವನ್ನು ತನ್ನೊಳಗೆ ಇಟ್ಟುಕೊಂಡಿರಬೇಕು.

ನಾವು ಬಳಸಿದ್ದು ಐಎಲ್‌ಸ್ಪೈ. 2011ರಲ್ಲಿ ಶುರುವಾದ ಈ ಮುಕ್ತ ತಂತ್ರಾಂಶ ಉಚಿತ. ಇದರ ಜೊತೆಗೆ ಬ್ಯಾಮಲ್ ಡಿಕಂಪೈಲರ್ ಎಂಬ ಪ್ರತ್ಯೇಕ ಲೈಬ್ರರಿ ಇದೆ. ಅದು ದಾಖಲೆಗಳನ್ನು ಓದಿ ಮರದಂತೆ ಜೋಡಿಸಿ, ಮತ್ತೆ ಜ್ಯಾಮಲ್ ಬರೆದುಕೊಡುತ್ತದೆ.

ನನಗೆ ಬಹಳ ಇಷ್ಟವಾದ ಭಾಗ ಮುಂದಿನದು. ಗುಂಡಿ ಒತ್ತಿದಾಗ ಯಾವ ಕೋಡ್ ಓಡಬೇಕು ಎಂಬುದು ಮೂಲ ಜ್ಯಾಮಲ್‌ನಲ್ಲಿ ಹೆಸರಿನೊಂದಿಗೆ ಇರುತ್ತದೆ. ಬ್ಯಾಮಲ್‌ನಲ್ಲಿ ಆ ಹೆಸರಿನ ಜಾಗದಲ್ಲಿ ಬರೀ ಒಂದು ಸಂಪರ್ಕ ಸಂಖ್ಯೆ. ಆ ಸಂಖ್ಯೆಗೆ ಎದುರಾದ ಹೆಸರು ಕೋಡಿನಲ್ಲಿ ಕನೆಕ್ಟ್ ಎಂಬ ವಿಧಾನದೊಳಗೆ ಕೂತಿರುತ್ತದೆ. ಜರ್ನಲ್‌ನಲ್ಲಿ ನಾವು ಎಲ್.ಎಫ್. ಕಾಲಂ ಬರೆಯುವುದಿಲ್ಲವೇ, ಥೇಟ್ ಹಾಗೆ! ಲೈಬ್ರರಿ ಎರಡೂ ಕಡೆ ಓದಿ ಸಂಖ್ಯೆಗೆ ಸಂಖ್ಯೆ ತಾಳೆ ನೋಡಿ ಹೆಸರನ್ನು ಮತ್ತೆ ಅದರ ಜಾಗಕ್ಕೆ ತರುತ್ತದೆ. (ಈ ಕಾಲಂ ಖಾಲಿ ಬಿಟ್ಟು ನಾನು ಎಷ್ಟು ಅಂಕ ಕಳೆದುಕೊಂಡಿದ್ದೇನೋ.)

ಎಲ್ಲವೂ ವಾಪಸ್ ಬರುವುದಿಲ್ಲ. ಬರೆದವರು ತಮಗಾಗಿ ಹಾಕಿಕೊಂಡ ಟಿಪ್ಪಣಿಗಳು ಕಂಪೈಲ್ ಆಗುವಾಗಲೇ ಹೋಗಿಬಿಡುತ್ತವೆ. ಅಂದರೆ ಎಂಟ್ರಿ ಸಿಗುತ್ತದೆ, ನರೇಷನ್ ಸಿಗುವುದಿಲ್ಲ. ಸಾಲುಗಳ ಮೂಲ ಜೋಡಣೆಯೂ ಸಿಗುವುದಿಲ್ಲ. ಆದರೂ ಇದು ವಾಸಿ. ಸಿ ಭಾಷೆಯ ಪ್ರೋಗ್ರಾಂ ಯಂತ್ರಭಾಷೆಗೆ ಇಳಿದ ಮೇಲೆ ಟ್ರಯಲ್ ಬ್ಯಾಲೆನ್ಸ್ ಇದ್ದ ಹಾಗೆ: ಮೊತ್ತ ಕಾಣುತ್ತದೆ, ವ್ಯವಹಾರ ಕಾಣುವುದಿಲ್ಲ. ನಮ್ಮ ಮೊಬೈಲ್‌ನ ಆಂಡ್ರಾಯ್ಡ್ ಆ್ಯಪ್‌ಗಳಲ್ಲೂ ಪರದೆಯ ಎಕ್ಸ್‌ಎಂಎಲ್ ಹೀಗೇ ಬೈನರಿ ಆಗಿರುತ್ತದೆ, ಅದನ್ನು ಬಿಚ್ಚಲು ಎಪಿಕೆಟೂಲ್ ಇದೆ.

ಇದು ಕಳ್ಳತನ ಅಲ್ಲವೇ ಎಂದು ಅಬ್ಬಾ ಕೇಳಿದರು. ನ್ಯಾಯವಾದ ಪ್ರಶ್ನೆ. 1957ರ ಕೃತಿಸ್ವಾಮ್ಯ ಕಾಯ್ದೆಯ 52ನೇ ಕಲಂ, ಪ್ರೋಗ್ರಾಂ ಅನ್ನು ಕಾನೂನುಬದ್ಧವಾಗಿ ಪಡೆದವರಿಗೆ ಕೆಲವು ವಿನಾಯಿತಿ ಕೊಡುತ್ತದೆ. ಯಾವ ಕೆಲಸಕ್ಕೆ ಕೊಂಡರೋ ಆ ಕೆಲಸಕ್ಕೆ ಬಳಸಿಕೊಳ್ಳಲು ಬೇಕಾದಷ್ಟು ಪ್ರತಿ ಮಾಡಿಕೊಳ್ಳುವುದು ಅವುಗಳಲ್ಲಿ ಒಂದು. ಬಿಚ್ಚಿ, ಹೆಸರು ಬದಲಿಸಿ ಮಾರುವುದಕ್ಕೆ ಅಲ್ಲಿ ಜಾಗವಿಲ್ಲ. ಮಾಮುವಿನ ಹತ್ತಿರ ದುಡ್ಡು ಕೊಟ್ಟ ರಸೀದಿ ಇತ್ತು. ನಾವು ಓದಿದೆವು ಅಷ್ಟೇ, ಯಾವುದನ್ನೂ ತಿದ್ದಲಿಲ್ಲ.

ಓದಿದಾಗ ಸಿಕ್ಕಿದ್ದು ಇಷ್ಟು. ಆ ಎರಡು ದರಗಳು ಡೇಟಾಬೇಸಿನಲ್ಲಿ ಇರಲೇ ಇಲ್ಲ, ಬಿಲ್ ಪರದೆಯ ಜ್ಯಾಮಲ್‌ನಲ್ಲಿ ಎರಡು ಸಾಲಾಗಿ ಕೂತಿದ್ದವು. ಸಂಪರ್ಕ ಸಂಖ್ಯೆ ಹಿಡಿದು ಕೋಡಿಗೆ ಹೋಗಿ ನೋಡಿದರೆ, ಅಲ್ಲಿ ಆರಿಸಿದ ಅಂಕಿಯನ್ನು ಬೆಲೆಗೆ ಗುಣಿಸಿ 100ರಿಂದ ಭಾಗಿಸುತ್ತಿದ್ದರು, ಅಷ್ಟೇ. 5 ಎಂಬ ಮೂರನೇ ಸಾಲು ಸೇರಿಸಿದರೆ ಸಾಕಿತ್ತು.

ಮಾಮು ಮತ್ತೆ ಫೋನ್ ಮಾಡಿದರು. ನಾನು ಪಕ್ಕದಲ್ಲಿ ಕೂತು ಹೇಳಿಕೊಟ್ಟೆ: ಯಾವ ಪರದೆ, ಯಾವ ಪಟ್ಟಿ, ಎಷ್ಟನೇ ಅಂಶ. ಆ ಕಡೆಯಿಂದ ಸ್ವಲ್ಪ ಹೊತ್ತು ಮಾತೇ ಇಲ್ಲ. ಆಮೇಲೆ "ಯಾರು ಹೇಳಿದ್ದು ನಿಮಗೆ?" ಎಂದರು. ಮಾಮು ನನ್ನ ಮುಖ ನೋಡಿ, "ನಮ್ಮ ಭಾಂಜಿ, ಕಾಮರ್ಸ್ ಓದುತ್ತಾಳೆ" ಎಂದರು. ಎರಡು ದಿನದಲ್ಲಿ ಹೊಸ ಫೈಲ್ ಬಂತು, ಹಣ ಕೇಳಲಿಲ್ಲ. ಕೈಬರಹದ ಬಿಲ್ ಪುಸ್ತಕದಲ್ಲಿ ಅಷ್ಟರಲ್ಲಿ 61 ಬಿಲ್ಲುಗಳಾಗಿದ್ದವು. ಅವನ್ನೆಲ್ಲ ಕಂಪ್ಯೂಟರಿಗೆ ಏರಿಸುವ ಕೆಲಸ ನನ್ನ ಪಾಲಿಗೇ ಬಂತು.