ಮತ್ತೆ ಹೋಗಿ ಕೇಳಿದಾಗಲೇ ಗೊತ್ತಾಗೋದು

ಲ್ಯಾಬಿನಲ್ಲಿ ಮಲ್ಟಿಮೀಟರ್ ಹಿಡಿದು ಒಂದೇ ಒಂದು ರೀಡಿಂಗ್ ತಗೊಂಡು "ಸರ್ಕ್ಯೂಟ್ ಸರಿ ಇದೆ ಸಾರ್" ಅಂದ್ರೆ ಯಾವ ಮೇಷ್ಟ್ರೂ ಒಪ್ಪಲ್ಲ. ಕಾಲ ಸರಿದ ಹಾಗೆ ವೋಲ್ಟೇಜ್ ಹೇಗೆ ಬದಲಾಗುತ್ತೆ ಅಂತ ಆಸಿಲೋಸ್ಕೋಪಿನಲ್ಲಿ ತೋರಿಸು ಅಂತಾರೆ. ಮನುಷ್ಯರ ವಿಷಯದಲ್ಲಿ ಮಾತ್ರ ನಾವು ಒಂದೇ ರೀಡಿಂಗಿಗೆ ತೃಪ್ತರಾಗಿಬಿಡ್ತೀವಿ. ಒಂದು ಸರ್ವೆ, ಒಂದು ಸಂದರ್ಶನ, ಮುಗೀತು. ಅದೇ ಜನರ ಹತ್ತಿರ ವರ್ಷಗಳಾದ ಮೇಲೆ ವಾಪಸ್ ಹೋಗಿ ಮತ್ತೆ ಕೇಳಿದವರು ಬಹಳ ಕಡಿಮೆ. ಹಾಗೆ ಹೋದವರ ಎರಡು ಕೆಲಸಗಳನ್ನ ಈ ಸಲ ಓದೋಣ. ಒಂದು ಇಂಗ್ಲೆಂಡಿನ ಸಾಕ್ಷ್ಯಚಿತ್ರ ಸರಣಿ, ಇನ್ನೊಂದು ನಮ್ಮ ಮಂಡ್ಯದ್ದೇ.

ಮೊದಲು ಸಾಕ್ಷ್ಯಚಿತ್ರ. 1964ರಲ್ಲಿ ಮ್ಯಾಂಚೆಸ್ಟರಿನ ಗ್ರನಾಡಾ ಟೆಲಿವಿಷನ್ 'ಸೆವೆನ್ ಅಪ್!' ಅನ್ನೋ ಕಾರ್ಯಕ್ರಮ ಮಾಡ್ತು. ನಿರ್ದೇಶಕ ಪಾಲ್ ಆಲ್ಮಂಡ್. ಮಕ್ಕಳನ್ನ ಹುಡುಕಿ ತಂದವರಲ್ಲಿ ಮೈಕಲ್ ಆಪ್ಟೆಡ್ ಅನ್ನೋ ಹೊಸ ಹುಡುಗ ಒಬ್ಬ. ಶ್ರೀಮಂತರ ಮನೆಯವರು, ಕೂಲಿಕಾರರ ಮನೆಯವರು, ಅನಾಥಾಲಯದವರು, ಹೀಗೆ ಬೇರೆ ಬೇರೆ ಕಡೆಯ ಏಳು ವರ್ಷದ 14 ಮಕ್ಕಳು. ಹುಟ್ಟಿದ ಮನೆಯೇ ಇವರ ಮುಂದಿನ ಬದುಕನ್ನ ತೀರ್ಮಾನ ಮಾಡಿಬಿಡುತ್ತೆ ಅನ್ನೋದು ಕಾರ್ಯಕ್ರಮದ ಊಹೆ. ಊಹೆ ನಿಜಾನಾ ಅಂತ ನೋಡೋಕೆ 1970ರಲ್ಲಿ ಆಪ್ಟೆಡ್ ಅದೇ ಮಕ್ಕಳ ಹತ್ತಿರ ಮತ್ತೆ ಹೋದರು. ಆಮೇಲೆ ಏಳೇಳು ವರ್ಷಕ್ಕೊಮ್ಮೆ ಹೋಗ್ತಾನೇ ಇದ್ದರು. 2019ರ '63 ಅಪ್' ಒಂಬತ್ತನೆಯದು. 2021ರ ಜನವರಿಯಲ್ಲಿ ಆಪ್ಟೆಡ್ ತೀರಿಕೊಂಡರು.

ಊಹೆ ಏನಾಯ್ತು? ಒಂದಿಷ್ಟು ನಿಜವಾಯ್ತು. ಯಾವ ಶಾಲೆ, ಯಾವ ಯೂನಿವರ್ಸಿಟಿ ಅಂತ ಏಳನೇ ವಯಸ್ಸಿಗೇ ಹೇಳಿದ್ದ ಶ್ರೀಮಂತ ಹುಡುಗರು ಹೆಚ್ಚು ಕಡಿಮೆ ಅದೇ ದಾರಿ ಹಿಡಿದರು. ಆದರೆ ನಿಕ್ ಹಿಚನ್ ಅನ್ನೋ ಹುಡುಗ ಯಾರ್ಕ್‌ಶೈರ್ ಕಣಿವೆಯ ರೈತನ ಮಗ. ಚಂದ್ರನ ಬಗ್ಗೆ ತಿಳ್ಕೋಬೇಕು ಅಂದಿದ್ದವನು ಆಕ್ಸ್‌ಫರ್ಡಿನಲ್ಲಿ ಭೌತಶಾಸ್ತ್ರ ಓದಿ, ಅಮೆರಿಕದ ವಿಸ್ಕಾನ್ಸಿನ್ ವಿಶ್ವವಿದ್ಯಾಲಯದಲ್ಲಿ ಎಲೆಕ್ಟ್ರಿಕಲ್ ಇಂಜಿನಿಯರಿಂಗ್ ಪ್ರೊಫೆಸರ್ ಆದ. ಲಿವರ್‌ಪೂಲಿನ ನೀಲ್ ಹ್ಯೂಸ್ ಏಳಕ್ಕೆ ನಗುನಗುತ್ತಾ ಕುಣಿಯುತ್ತಿದ್ದ ಹುಡುಗ. 28ಕ್ಕೆ ಮನೆಯಿಲ್ಲದೆ ಸ್ಕಾಟ್ಲೆಂಡಿನಲ್ಲಿ ಅಲೀತಿದ್ದ. ಅಲ್ಲಿಗೇ ಕ್ಯಾಮೆರಾ ನಿಲ್ಲಿಸಿದ್ದರೆ "ಇವನ ಕಥೆ ಮುಗೀತು" ಅಂತಿದ್ವಿ. 42ಕ್ಕೆ ಹೋದಾಗ ಅವನು ಲಂಡನ್ನಿನ ಹ್ಯಾಕ್ನಿಯಲ್ಲಿ ಚುನಾಯಿತ ಕೌನ್ಸಿಲರ್!

ಇನ್ನು ಮಂಡ್ಯಕ್ಕೆ ಬನ್ನಿ. ಅದೇ ಮ್ಯಾಂಚೆಸ್ಟರಿನ ವಿಶ್ವವಿದ್ಯಾಲಯದಿಂದ 1954ರಲ್ಲಿ ಸ್ಕಾರ್ಲೆಟ್ ಎಪ್‌ಸ್ಟೈನ್ ಅನ್ನೋ ಸಂಶೋಧಕಿ ಇಲ್ಲಿಗೆ ಬಂದರು. ವಿಯೆನ್ನಾದಲ್ಲಿ ಹುಟ್ಟಿ, ಹಿಟ್ಲರನ ಕಾಲದಲ್ಲಿ ದೇಶ ಬಿಟ್ಟ ಯಹೂದಿ ಹೆಣ್ಣುಮಗಳು. ಮಂಡ್ಯ ಪಟ್ಟಣದ ಹತ್ತಿರದ ಎರಡು ಹಳ್ಳಿಗಳಲ್ಲಿ ಸುಮಾರು ಎರಡು ವರ್ಷ ಅಧ್ಯಯನ ಮಾಡಿದರು. ಜನರ ಗುಟ್ಟು ಕಾಪಾಡೋಕೆ ಊರುಗಳಿಗೆ ವಂಗಲ, ದಲೇನ ಅಂತ ಬೇರೆ ಹೆಸರಿಟ್ಟರು.

ಎರಡೂ ಊರಿನ ನಡುವೆ ಇದ್ದ ಮುಖ್ಯ ವ್ಯತ್ಯಾಸ ನಮಗೆ ಚೆನ್ನಾಗಿ ಅರ್ಥ ಆಗೋದು: ಎತ್ತರ. ಕೃಷ್ಣರಾಜಸಾಗರದ ನೀರು 1930ರ ದಶಕದಲ್ಲಿ ಇರ್ವಿನ್ ನಾಲೆಯಲ್ಲಿ, ಅಂದರೆ ಈಗಿನ ವಿಶ್ವೇಶ್ವರಯ್ಯ ನಾಲೆಯಲ್ಲಿ, ಈ ಕಡೆ ಹರೀತು. ವಂಗಲದ ಗದ್ದೆಗೆ ನೀರು ಬಂತು. ದಲೇನದ ಜಮೀನು ನಾಲೆಗಿಂತ ಮೇಲಿತ್ತು. ನೀರು ಮೇಲಕ್ಕೆ ಹತ್ತಲ್ವಲ್ಲ!

ಈಗ ಹೇಳಿ, ಯಾವ ಊರು ಜಾಸ್ತಿ ಬದಲಾಯ್ತು? ನಾವೂ ವಂಗಲ ಅಂತಲೇ ಅಂದುಕೊಂಡಿದ್ವಿ. ವಂಗಲಕ್ಕೆ ಕಬ್ಬು ಬಂತು, ಮೈಷುಗರ್ ದುಡ್ಡು ಬಂತು, ನಿಜ. ಆದರೆ ಆ ದುಡ್ಡು ಮತ್ತೆ ಅದೇ ಗದ್ದೆಗೆ ಹೋಯ್ತು. ಗದ್ದೆಗೆ ಆಳು ಬೇಕಿತ್ತು, ಹಾಗಾಗಿ ಒಕ್ಕಲಿಗೂ ಆಳಿಗೂ ತಲೆತಲಾಂತರದಿಂದ ಇದ್ದ ಹಳೇ ಸಂಬಂಧ ಹಾಗೇ ಉಳೀತು. ದಲೇನದವರಿಗೆ ಊರೊಳಗೆ ದಾರಿ ಇರಲಿಲ್ಲ. ಮಂಡ್ಯದಲ್ಲಿ ಕೆಲಸ ಹಿಡಿದರು, ಗಾಡಿಯಲ್ಲಿ ಬೇರೆಯವರ ಕಬ್ಬು ಹೊಡೆದರು, ನೀರಾವರಿ ಇದ್ದ ಪಕ್ಕದ ಊರುಗಳಲ್ಲಿ ಜಮೀನು ಕೊಂಡರು. ಹೊರಗಿನ ಗಾಳಿ ಬೀಸಿ ಹಳೇ ಕಟ್ಟುಪಾಡುಗಳು ಸಡಿಲವಾದದ್ದು ಅಲ್ಲೇ. 1962ರ ಪುಸ್ತಕದಲ್ಲಿ ಎಪ್‌ಸ್ಟೈನ್ ಹೇಳಿದ್ದು ಇದನ್ನೇ.

ಅಲ್ಲಿಗೇ ಬಿಟ್ಟಿದ್ದರೆ ಅದೂ ಒಂದೇ ರೀಡಿಂಗ್ ಆಗ್ತಿತ್ತು. ಆಪ್ಟೆಡ್ ಹುಡುಗರನ್ನ ಹುಡುಕಿಕೊಂಡು ಹೊರಟ ಅದೇ 1970ರಲ್ಲಿ ಎಪ್‌ಸ್ಟೈನ್ ಕೂಡ ಈ ಹಳ್ಳಿಗಳಿಗೆ ವಾಪಸ್ ಬಂದರು. ಊರಿನ ಒಟ್ಟು ಆದಾಯ ಏರಿತ್ತು. ಆದರೆ ಭೂಮಿ ಇಲ್ಲದ ದಲಿತ ಕುಟುಂಬಗಳಿಗೆ ಅದರ ಪಾಲು ಸರಿಯಾಗಿ ಸಿಕ್ಕಿರಲಿಲ್ಲ, ಉಳ್ಳವರಿಗೂ ಅವರಿಗೂ ಅಂತರ ಹೆಚ್ಚಿತ್ತು. ಮುಂದೆ ಎ.ಪಿ. ಸೂರ್ಯನಾರಾಯಣ, ಟಿ. ತಿಮ್ಮೇಗೌಡ ಅವರ ಜೊತೆ ಸೇರಿ ನಲವತ್ತು ವರ್ಷದ ಕಥೆಯನ್ನ 'ವಿಲೇಜ್ ವಾಯ್ಸಸ್' ಅನ್ನೋ ಪುಸ್ತಕವಾಗಿ 1998ರಲ್ಲಿ ತಂದರು.

ಇದರಲ್ಲಿ ನಮಗೇನು ಪಾಠ? ನಾಲೆ ಕಟ್ಟಿದ ಇಂಜಿನಿಯರನ ಲೆಕ್ಕದಲ್ಲಿ ದಲೇನ ಅಂದರೆ ಸೊನ್ನೆ ಎಕರೆ. ನಾಲೆ ಆ ಊರಿಗೆ ಏನು ಮಾಡಿತು ಅನ್ನೋದು ಆ ಲೆಕ್ಕದಲ್ಲಿ ಎಲ್ಲೂ ಬರಲ್ಲ. ಒಟ್ಟು ಆದಾಯದ ಅಂಕಿಯಲ್ಲಿ ಕೂಲಿಯವನ ಮನೆ ಕಾಣಲ್ಲ. ನಾವು ನಾಳೆ ರಸ್ತೆ, ಪವರ್ ಲೈನ್, ಆಪ್ ಏನೇ ಮಾಡಿದರೂ "ಕೆಲಸ ಪೂರ್ಣ" ಅಂತ ಸಹಿ ಹಾಕಿ ಹೊರಟುಬಿಡ್ತೀವಿ. ಮತ್ತೆ ಹೋಗಿ ಕೇಳೋದು ನಮ್ಮ ಸಿಲಬಸ್ಸಿನಲ್ಲಿ ಇಲ್ಲ.

ಈಗ ಇಲ್ಲೇ ಒಂದು ಹೊಸ ನಾಲೆ ಹರಿದಿದೆ. 2023ರ ಮಾರ್ಚಿನಲ್ಲಿ ಉದ್ಘಾಟನೆಯಾದ ಬೆಂಗಳೂರು–ಮೈಸೂರು ಹೆದ್ದಾರಿ. ಮದ್ದೂರು, ಮಂಡ್ಯ ಪಟ್ಟಣಗಳ ಒಳಗೆ ಬರದೆ ವಾಹನಗಳು ಹೊರಗಿಂದ ಹೊರಗೇ ಹೋಗಿಬಿಡ್ತವೆ. ಮಳವಳ್ಳಿ ಆ ದಾರಿಯಲ್ಲೇ ಇಲ್ಲ. ಈ ಮೂರರಲ್ಲಿ ವಂಗಲ ಯಾವುದು, ದಲೇನ ಯಾವುದು? ಇವತ್ತು ಯಾರು ಉತ್ತರ ಹೇಳಿದರೂ ಅದು ಊಹೆ ಅಷ್ಟೇ.

ಅದಕ್ಕೇ ಸಂಘದ ಕಡೆಯಿಂದ ಒಂದು ಸಲಹೆ. ಈ ಮೂರು ತಾಲ್ಲೂಕುಗಳ ಏಳು ವರ್ಷದ ಕೆಲವು ಮಕ್ಕಳನ್ನ ಮಾತಾಡಿಸೋಣ. ಮನೆಯವರು ಒಪ್ಪಿದರೆ ಮಾತ್ರ, ಹೆಸರು ಎಲ್ಲೂ ಹೊರಗೆ ಹೋಗಬಾರದು. ಹುಡುಗ, ಹುಡುಗಿಯರು ಸಮ ಇರಲಿ. 14 ಮಕ್ಕಳಲ್ಲಿ ನಾಲ್ಕೇ ಹುಡುಗಿಯರನ್ನ ಆರಿಸಿದ್ದು ತಪ್ಪಾಯ್ತು ಅಂತ ಆಪ್ಟೆಡ್ಡೇ ಒಪ್ಪಿಕೊಂಡಿದ್ದರು. ನಾಲೆಯ ತುದಿಯಲ್ಲಿ ನೀರಿಗೆ ಕಾಯುವ ಊರುಗಳ ಮಕ್ಕಳೂ ಇರಲಿ. ಪ್ರಶ್ನೆ ಐದೇ ಸಾಕು, ಆದರೆ ಪ್ರತಿ ಸಲವೂ ಅವೇ ಐದು. ನಮ್ಮ ಊಹೆಯನ್ನ ಮೊದಲೇ ಬರೆದಿಡೋಣ, ಆಮೇಲೆ ತಿದ್ದೋ ಹಾಗಿಲ್ಲ.

ಇನ್ನು ಏಳು ವರ್ಷಕ್ಕೆ ನಾವ್ಯಾರೂ ಈ ಕ್ಯಾಂಪಸ್ಸಿನಲ್ಲಿ ಇರಲ್ಲ, ಆ ಮಕ್ಕಳು ಹೈಸ್ಕೂಲಿನಲ್ಲಿ ಇರ್ತಾರೆ. ಆದ್ದರಿಂದ ನೋಟ್‌ಬುಕ್ ಯಾರ ಕೈಯಲ್ಲಿ ಕೊಟ್ಟು ಹೋಗಬೇಕು ಅನ್ನೋದು ಮೊದಲು ತೀರ್ಮಾನ ಆಗಬೇಕು. ಮೊದಲ ವರ್ಷದವರು ಯಾರಾದರೂ ಇದ್ದೀರಾ? ಸಂಘದ ಮುಂದಿನ ಸಭೆಗೆ ಬನ್ನಿ.