ನೋಟಿಸು ಬಂದ ದಿನವೇ ಒಡೆದು ಓದು

ತಮ್ಮಾ, ಕಂತು ತಪ್ಪಿತೆಂದು ತಲೆ ತಗ್ಗಿಸಿ ಓಡಾಡಬೇಡ. ವ್ಯಾಪಾರ ಅಂದಮೇಲೆ ಏಳುಬೀಳು ಇದ್ದದ್ದೇ. ನನಗೆ ಸಂಕಟವಾಗುವುದು ಬೇರೆಯದಕ್ಕೆ. ಬ್ಯಾಂಕಿನಿಂದ ಬಂದ ರಿಜಿಸ್ಟರ್ಡ್ ಲಕೋಟೆಯನ್ನು ಒಡೆಯದೆ ಬೀರುವಿಗೆ ತುರುಕಿಡುತ್ತೀರಲ್ಲ, ಅದಕ್ಕೆ.

ಆಸ್ತಿ ಅಡವಿಟ್ಟ ಸಾಲ 90 ದಿನ ಸುಸ್ತಿಯಾಗಿ ಎನ್‌ಪಿಎ, ಅಂದರೆ ಅನುತ್ಪಾದಕ ಸಾಲ, ಆಯಿತೆಂದರೆ, 2002ರ ಸರ್ಫೇಸಿ ಕಾಯ್ದೆಯ 13(2)ನೇ ಕಲಮಿನ ನೋಟಿಸು ಬರುತ್ತದೆ. ಬಾಕಿ ಕಟ್ಟಲು ಗಡುವು 60 ದಿನ. ಬಡ್ಡಿ ಲೆಕ್ಕ ತಪ್ಪಿದ್ದರೆ, ಕಟ್ಟಿದ ಹಣ ಜಮೆಯಾಗದಿದ್ದರೆ, ಆಗಲೇ ಬರೆದುಕೊಡು, ನಿನ್ನ ಪ್ರತಿಯ ಮೇಲೆ ಸೀಲು ಹಾಕಿಸಿಕೋ. 15 ದಿನದೊಳಗೆ ಅವರು ಉತ್ತರ ಕೊಡಲೇಬೇಕು. ಕೃಷಿ ಜಮೀನಾದರೆ ಈ ಕಾಯ್ದೆಯಡಿ ಮುಟ್ಟುವಂತಿಲ್ಲ, ಅದನ್ನೂ ಬರೆ.

ಆ ಗಡುವು ಮೀರಿ, ಆಸ್ತಿ ಸ್ವಾಧೀನದ ನೋಟಿಸು ಬಾಗಿಲಿಗೆ ಬಿದ್ದ ಮೇಲೆ 45 ದಿನದೊಳಗೆ ಸಾಲ ವಸೂಲಾತಿ ನ್ಯಾಯಮಂಡಳಿಗೆ, ಅಂದರೆ ಡಿಆರ್‌ಟಿಗೆ ಹೋಗಬಹುದು. ಮೊದಲು ಅಲ್ಲಿಗೆ ಹೋಗಲೂ ಬ್ಯಾಂಕು ಕೇಳಿದ್ದರ ಮುಕ್ಕಾಲು ಪಾಲು ಠೇವಣಿ ಇಡಬೇಕಿತ್ತು. 2004ರಲ್ಲಿ ಮಾರ್ಡಿಯಾ ಕೆಮಿಕಲ್ಸ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಅದನ್ನು ರದ್ದು ಮಾಡಿತು. ಕೈ ಬರಿದಾದವನಿಗೂ ದಾರಿ ಸಿಕ್ಕಿದ್ದು ಹಾಗೆ. ಅಲ್ಲಿ ಸೋತು ಮೇಲ್ಮನವಿಗೆ ಹೋದರೆ ಮಾತ್ರ ಅರ್ಧ ಹಣ ಕಟ್ಟಬೇಕು, ಕಡಿಮೆ ಮಾಡಿದರೂ ಕಾಲು ಭಾಗ. "ಸೀದಾ ಹೈಕೋರ್ಟಿನಲ್ಲಿ ತಡೆಯಾಜ್ಞೆ ತಂದುಬಿಡೋಣ" ಎನ್ನುವವರ ಮಾತಿಗೆ ಮರುಳಾಗಬೇಡ. ನ್ಯಾಯಮಂಡಳಿಯ ದಾರಿಯಿರುವಾಗ ಹೈಕೋರ್ಟುಗಳು ಸುಲಭವಾಗಿ ಕೈಹಾಕಬಾರದೆಂದು ಸುಪ್ರೀಂ ಕೋರ್ಟು 2010ರಲ್ಲೇ ಹೇಳಿದೆ.

ಒಂದು ಮಾತು ಗಟ್ಟಿಯಾಗಿ ಇಟ್ಟುಕೋ. ಬ್ಯಾಂಕು ಕ್ರಮ ತಪ್ಪಿದ್ದರೆ ಕೇಸು ಅದನ್ನು ಸರಿಪಡಿಸುತ್ತದೆ, ಸಾಲ ತೀರಿಸುವುದಿಲ್ಲ. ಕೇಸು ನಡೆಯುವಷ್ಟು ದಿನವೂ ಬಡ್ಡಿ ಓಡುತ್ತಿರುತ್ತದೆ. ಆದ್ದರಿಂದ ಒಂದು ಕೈಯಲ್ಲಿ ಅರ್ಜಿ ಇದ್ದರೂ ಇನ್ನೊಂದು ಕೈಯಲ್ಲಿ ಮಾತುಕತೆ ಇರಲಿ.

ಓಟಿಎಸ್, ಅಂದರೆ ರಿಯಾಯಿತಿಯಲ್ಲಿ ಒಂದೇ ಸಲ ಸಾಲ ಇತ್ಯರ್ಥ, ನಮ್ಮ ಹಕ್ಕಲ್ಲ. ಕೊಡಲೇಬೇಕೆಂದು ಬ್ಯಾಂಕಿಗೆ ಆದೇಶಿಸಲು ಕೋರ್ಟಿಗೂ ಬರುವುದಿಲ್ಲವೆಂದು 2021ರಲ್ಲಿ ತೀರ್ಪಾಗಿದೆ. ಹಾಗಾಗಿ ಹಣದ ಮೂಲ ಗೊತ್ತುಮಾಡಿಕೊಂಡೇ ಮ್ಯಾನೇಜರ ಮುಂದೆ ಕೂತುಕೋ. ಸೈಟು ಮಾರುವುದಾದರೆ ನೀನೇ ಮಾರು, ಹರಾಜಿನಲ್ಲಿ ಆ ಬೆಲೆ ಬರುವುದು ಅಪರೂಪ. ಹರಾಜಿನ ಪ್ರಕಟಣೆ ಹೊರಬಿತ್ತೆಂದರೆ ಬಾಕಿ ಕಟ್ಟಿ ಆಸ್ತಿ ಬಿಡಿಸಿಕೊಳ್ಳುವ ಹಕ್ಕೇ ಮುಗಿಯುತ್ತದೆ. 2016ರ ತಿದ್ದುಪಡಿ ಹಾಗಿದೆ, ಎಷ್ಟೋ ಜನಕ್ಕೆ ಇದು ತಿಳಿದೇ ಇಲ್ಲ.

ಬಾಯಿಮಾತಿನ ಮೇಲೆ ಒಂದು ರೂಪಾಯಿಯನ್ನೂ ಕಟ್ಟಬೇಡ. ಓಟಿಎಸ್ ಮಂಜೂರಾತಿ ಪತ್ರವನ್ನು ಸಾಲುಸಾಲಾಗಿ ಓದು. ಒಟ್ಟು ಮೊತ್ತ ಎಷ್ಟು, ಕೊನೆಯ ಕಂತಿನ ತಾರೀಖು ಯಾವುದು, ಒಂದು ದಿನ ತಡವಾದರೆ ರಿಯಾಯಿತಿ ರದ್ದೇ, ಕೇಸು ಹಿಂತೆಗೆಯುತ್ತಾರೆಯೇ, ಜಾಮೀನುದಾರನೂ ಬಿಡುಗಡೆಯೇ? ಲೋಕ ಅದಾಲತ್‌ನಲ್ಲಿ ರಾಜಿಯಾದರೆ ಆ ತೀರ್ಪಿಗೆ ಡಿಕ್ರಿಯ ಬಲವಿದೆ, ಅಪೀಲಿಲ್ಲ. ಹೀಗೆ ರಿಯಾಯಿತಿಯಲ್ಲಿ ತೀರಿಸಿದರೆ ನಿನ್ನ ಸಾಲದ ಇತಿಹಾಸ ತೋರಿಸುವ ಸಿಬಿಲ್ ವರದಿಯಲ್ಲಿ 'ಸೆಟಲ್ಡ್' ಎಂದು ಬಿದ್ದು, ಮುಂದಿನ ಸಾಲ ಕಷ್ಟವಾಗಬಹುದು. ಅದನ್ನು ತಿಳಿದೇ ಸಹಿ ಹಾಕು.

ಮತ್ತೆ, ನಿನಗೆ ಜಾಮೀನು ನಿಂತ ನಿಮ್ಮ ಸೋದರಮಾವನಿಗೆ ಇವತ್ತೇ ವಿಷಯ ಹೇಳು. ಕಾನೂನಿನಲ್ಲಿ ಅವರ ಹೊಣೆಯೂ ನಿನ್ನಷ್ಟೇ. ಅವರ ಮನೆಬಾಗಿಲಿಗೆ ನೋಟಿಸು ನಿನಗಿಂತ ಮೊದಲು ಹೋಗಬಾರದು.