ಗೆದ್ದ ಮೇಲೂ ಕೋರ್ಟಿಗೆ ಎಳೆದರೆ?

ಪ್ರಶ್ನೆ: ಬೊಮ್ಮಸಂದ್ರ ಕೈಗಾರಿಕಾ ಪ್ರದೇಶದಲ್ಲಿ ಮೂರು ಸಿಎನ್‌ಸಿ ಮೆಷೀನ್ ಇಟ್ಟುಕೊಂಡು ಜಾಬ್‌ವರ್ಕ್ ಮಾಡುತ್ತೇನೆ. ಉದ್ಯಮ್ ನೋಂದಣಿ ಮೊದಲಿನಿಂದಲೂ ಇದೆ. ಒಂದು ಕಂಪನಿ ಮಾಲು ತೆಗೆದುಕೊಂಡು, ಆಮೇಲೆ ರಿಜೆಕ್ಷನ್ ನೆಪ ಹೇಳಿ 31 ಲಕ್ಷದ ಬಿಲ್ ತಡೆಹಿಡಿಯಿತು. ಸಣ್ಣ ಉದ್ಯಮಗಳ ಫೆಸಿಲಿಟೇಷನ್ ಕೌನ್ಸಿಲ್‌ನಲ್ಲಿ ಅವಾರ್ಡ್ (ಮಧ್ಯಸ್ಥಿಕೆ ತೀರ್ಪು) ನನ್ನ ಪರವಾಯಿತು. ಈಗ ಅವರು ಅದನ್ನು ರದ್ದುಮಾಡಿಸಲು ಮಧ್ಯಸ್ಥಿಕೆ ಕಾಯ್ದೆಯ ಸೆಕ್ಷನ್ 34ರಡಿ ಕೋರ್ಟಿಗೆ ಹೋಗಿದ್ದಾರೆ. ‘ದೇವಾಸ್‌ನ ಸಾವಿರಾರು ಕೋಟಿಯ ಅವಾರ್ಡೇ ಬಿದ್ದುಹೋಯ್ತು, ನಿನ್ನದು ಯಾವ ಲೆಕ್ಕ’ ಅನ್ನುತ್ತಾರೆ. ಮತ್ತೆ ಮೊದಲಿನಿಂದ ಸಾಕ್ಷಿ ಹೇಳಬೇಕೇ?
– ಹೆಸರು ಬೇಡ, ಬೊಮ್ಮಸಂದ್ರ

ಉತ್ತರ: ಬೇಡ. ಸೆಕ್ಷನ್ 34 ಮೇಲ್ಮನವಿಯಲ್ಲ. ನಿಮ್ಮ ಬಿಡಿಭಾಗದ ಅಳತೆ ಸರಿಯಿತ್ತೋ ಇಲ್ಲವೋ ಎಂದು ನ್ಯಾಯಾಧೀಶರು ಮತ್ತೆ ವರ್ನಿಯರ್ ಹಿಡಿದು ನೋಡುವುದಿಲ್ಲ. ಸಾಕ್ಷ್ಯವನ್ನು ಮರುತೂಗಿ ಅವಾರ್ಡ್ ರದ್ದುಮಾಡುವಂತಿಲ್ಲ ಎಂದು 2015ರ ತಿದ್ದುಪಡಿಯೇ ಹೇಳಿದೆ. ನೋಟಿಸ್ ಕೊಡದೆ ನಡೆಸಿದ್ದು, ವಾದ ಹೇಳಲು ಅವಕಾಶ ಕೊಡದ್ದು, ಮೋಸ, ಮೇಲ್ನೋಟಕ್ಕೇ ಕಾಣುವ ಕಾನೂನುಬಾಹಿರತೆ ಇಂಥ ಕೆಲವೇ ಕಾರಣಗಳು ನಡೆಯುತ್ತವೆ.

ದೇವಾಸ್ ಹೆಸರು ಕೇಳಿ ಹೆದರಬೇಡಿ. ಇಸ್ರೋದ ವಾಣಿಜ್ಯ ಅಂಗವಾದ ಆಂಟ್ರಿಕ್ಸ್ ವಿರುದ್ಧ, ದೇವಾಸ್ ಕಂಪನಿಯ ಪರವಾಗಿ 2015ರ ಸೆಪ್ಟೆಂಬರಿನಲ್ಲಿ ಬಂದ 56.25 ಕೋಟಿ ಡಾಲರ್ ಅವಾರ್ಡನ್ನು ದೆಹಲಿ ಹೈಕೋರ್ಟ್ 2022ರ ಆಗಸ್ಟಿನಲ್ಲಿ ರದ್ದುಮಾಡಿದ್ದು ನಿಜ. ಆದರೆ ಅದಕ್ಕೆ ಏಳು ತಿಂಗಳು ಮೊದಲೇ ಸುಪ್ರೀಂ ಕೋರ್ಟ್ ದೇವಾಸ್ ಕಂಪನಿ ಮೋಸದ ಉದ್ದೇಶದ್ದೆಂದು ಹೇಳಿ, ಅದನ್ನು ಮುಚ್ಚುವ ಆದೇಶವನ್ನು ಎತ್ತಿಹಿಡಿದಿತ್ತು. ನೀವು ಬಿಲ್ಲಿನ ದುಡ್ಡು ಕೇಳಿದವರು. ಎತ್ತಣ ಮಾಮರ, ಎತ್ತಣ ಕೋಗಿಲೆ!

ನೀವು ನೋಡಬೇಕಾದದ್ದು ಬೇರೆಯೇ. 2006ರ ಎಂಎಸ್‌ಎಂಇ ಕಾಯ್ದೆಯ ಸೆಕ್ಷನ್ 19ರ ಪ್ರಕಾರ, ಅವಾರ್ಡ್ ಪ್ರಶ್ನಿಸುವ ಖರೀದಿದಾರ ಅದರ ಶೇ 75ರಷ್ಟನ್ನು ಕೋರ್ಟಿನಲ್ಲಿ ಕಟ್ಟಬೇಕು. ಕಟ್ಟದಿದ್ದರೆ ಅರ್ಜಿ ವಿಚಾರಣೆಗೇ ಬರುವುದಿಲ್ಲ. ಇದರಿಂದ ತಪ್ಪಿಸಿಕೊಳ್ಳಲು ಹೈಕೋರ್ಟಿಗೆ ರಿಟ್ ಹಾಕುವ ಉಪಾಯವನ್ನೂ ಸುಪ್ರೀಂ ಕೋರ್ಟ್ 2023ರಲ್ಲಿ ಇಂಡಿಯಾ ಗ್ಲೈಕಾಲ್ಸ್ ಪ್ರಕರಣದಲ್ಲಿ ಒಪ್ಪಲಿಲ್ಲ. ಹಣ ಕಟ್ಟಿದ್ದಾರೆಯೇ ಎಂದು ಮೊದಲು ನಿಮ್ಮ ವಕೀಲರಿಂದ ಕಡತ ನೋಡಿಸಿ. ಕಟ್ಟಿದ್ದರೆ, ಕೇಸು ಮುಗಿಯುವ ಮುನ್ನವೇ ಅದರಲ್ಲೊಂದು ಭಾಗ ನಿಮಗೆ ಕೊಡಿಸುವಂತೆ ಅರ್ಜಿ ಹಾಕಿ. ಅದಕ್ಕೂ ಕಾನೂನಿನಲ್ಲಿ ಜಾಗವಿದೆ. ಕೋರ್ಟ್ ಷರತ್ತು ಹಾಕಬಹುದು, ಅಷ್ಟೇ.

ಇನ್ನೊಂದು ಮಾತು. ಬರೀ ಅರ್ಜಿ ಹಾಕಿದ ಮಾತ್ರಕ್ಕೆ ಅವಾರ್ಡಿಗೆ ತಡೆ ಬೀಳುವುದಿಲ್ಲ, ತಡೆಯಾಜ್ಞೆಯನ್ನು ಬೇರೆಯಾಗಿ ಕೇಳಿ ಪಡೆಯಬೇಕು. ತಡವಾದ ಬಿಲ್ಲಿಗೆ ಈ ಕಾಯ್ದೆ ಹೇಳುವ ಬಡ್ಡಿ ರಿಸರ್ವ್ ಬ್ಯಾಂಕಿನ ಬ್ಯಾಂಕ್ ದರದ ಮೂರು ಪಟ್ಟು, ತಿಂಗಳು ತಿಂಗಳೂ ಚಕ್ರಬಡ್ಡಿ. ಎಳೆದಾಡಿದಷ್ಟೂ ಅವರ ತಲೆಮೇಲಿನ ಹೊರೆ ಏರುತ್ತದೆ. ರಾಜಿಗೆ ಕರೆದರೆ ಈ ಲೆಕ್ಕದ ಚೀಟಿ ಜೇಬಿನಲ್ಲಿರಲಿ.

ಪ್ರಶ್ನೆ: ನಾನು ಸೋತವನು. ಶೆಡ್ ಕಟ್ಟಿಸಿದ ಗುತ್ತಿಗೆಯ ಅವಾರ್ಡಿನಲ್ಲಿ ಮಧ್ಯಸ್ಥಗಾರರು ಒಂದೇ ಮೊತ್ತವನ್ನು ಎರಡು ಸಲ ಕೂಡಿದ್ದಾರೆ. ಪ್ರತಿ ಕೈಸೇರಿ ಹದಿನೈದು ದಿನವಾಯಿತು. ಕೋರ್ಟ್ ತಿದ್ದುತ್ತದೆಯೇ?
– ಓದುಗರು, ಜಿಗಣಿ

ಉತ್ತರ: ಮೊದಲು ಮಧ್ಯಸ್ಥಗಾರರನ್ನೇ ಕೇಳಿ. ಕೂಡುವ, ಬರೆಯುವ ತಪ್ಪನ್ನು ಮಧ್ಯಸ್ಥಿಕೆ ಕಾಯ್ದೆಯ ಸೆಕ್ಷನ್ 33ರಡಿ ಅವರೇ ಸರಿಪಡಿಸಬಹುದು. ಅವಧಿ 30 ದಿನ, ನಿಮಗೆ ಅರ್ಧ ಉಳಿದಿದೆ. ಇದೇ ವಾರ ಅರ್ಜಿ ಕೊಟ್ಟು, ಎದುರು ಪಕ್ಷಕ್ಕೂ ಪ್ರತಿ ಕಳಿಸಿ. ಅದು ಇತ್ಯರ್ಥವಾದ ದಿನದಿಂದ ಸೆಕ್ಷನ್ 34ರ ಮೂರು ತಿಂಗಳು ಶುರುವಾಗುತ್ತದೆ. ತಕ್ಕ ಕಾರಣವಿದ್ದರೆ ಇನ್ನೊಂದು 30 ದಿನ. ಅದರಾಚೆ ಒಂದು ದಿನವನ್ನೂ ಕೋರ್ಟ್ ಕ್ಷಮಿಸಲಾರದು. ಇನ್ನು ಕೋರ್ಟಿನ ಮಾತು. ಮೊದಲು ಕೋರ್ಟುಗಳು ಅವಾರ್ಡನ್ನು ಉಳಿಸಬಹುದು, ಇಲ್ಲವೇ ರದ್ದುಮಾಡಬಹುದು, ತಿದ್ದುವಂತಿಲ್ಲ ಎಂದಿತ್ತು. 2025ರ ಏಪ್ರಿಲ್ 30ರಂದು ಗಾಯತ್ರಿ ಬಾಲಸ್ವಾಮಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟಿನ ಐವರ ಪೀಠ ನಾಲ್ಕು–ಒಂದರ ಬಹುಮತದಿಂದ, ಇಂಥ ಲೆಕ್ಕದ ತಪ್ಪನ್ನು ತಿದ್ದುವಷ್ಟು ಬಾಗಿಲು ತೆರೆದಿದೆ. ಅವಾರ್ಡ್ ಬಂದ ಲಕೋಟೆಯನ್ನು ಎಸೆಯಬೇಡಿ, ಅವಧಿಯ ಲೆಕ್ಕಕ್ಕೆ ಅದರ ಮೇಲಿನ ಅಂಚೆ ಮುದ್ರೆ ಬೇಕಾಗುತ್ತದೆ.